ಬಯಾಪ್ಸಿ: ಮಗುವಿನ ಕರುಳಿನ ಚೂರಿನಲ್ಲಿ ಹುಡುಕುವುದೇನು?

'ಬಯಾಪ್ಸಿ ಮಾಡಿಸೋಣ' ಎಂದು ಮಕ್ಕಳ ಡಾಕ್ಟರು ಹೇಳಿದ ಕೂಡಲೇ ಹೆತ್ತವರ ಎದೆ ಧಸಕ್ಕೆನ್ನುತ್ತದೆ. ಆ ಪದ ಕೇಳಿದರೆ ನಮ್ಮಲ್ಲಿ ಮೊದಲು ನೆನಪಾಗುವುದು ಕ್ಯಾನ್ಸರ್. ಪದದ ಅರ್ಥದಲ್ಲಿ ಮಾತ್ರ ಅಂಥದ್ದೇನೂ ಇಲ್ಲ. ಗ್ರೀಕಿನಲ್ಲಿ 'ಬಯೋಸ್' ಎಂದರೆ ಜೀವ, 'ಆಪ್ಸಿಸ್' ಎಂದರೆ ನೋಟ. 1879ರಲ್ಲಿ ಫ್ರಾನ್ಸಿನ ಚರ್ಮವೈದ್ಯ ಅರ್ನೆಸ್ಟ್ ಬೆನಿಯೆ ಇದನ್ನು ಬಳಕೆಗೆ ತಂದರು. ಕನ್ನಡದಲ್ಲಿ ಅಂಗಾಂಶ ಪರೀಕ್ಷೆ. ಆಸ್ಪತ್ರೆಯ ಮಾತಿನಲ್ಲಿ 'ಪೀಸ್ ತೆಗೆದು ಲ್ಯಾಬಿಗೆ ಕಳಿಸುವುದು'.

ಮಕ್ಕಳಲ್ಲಿ ಈ ಪೀಸನ್ನು ಸುಮ್ಮಸುಮ್ಮನೆ ತೆಗೆಯುವುದಿಲ್ಲ. ಮೈಯೆಲ್ಲ ಊದಿಕೊಂಡು, ಮೂತ್ರದಲ್ಲಿ ಪ್ರೊಟೀನ್ ಹೋಗುವ ನೆಫ್ರಾಟಿಕ್ ಸಿಂಡ್ರೋಮ್‌ನಲ್ಲಿ ಹೆಚ್ಚಿನ ಮಕ್ಕಳಿಗೆ ನೇರವಾಗಿ ಪ್ರೆಡ್ನಿಸೊಲೋನ್ ಎಂಬ ಸ್ಟೀರಾಯ್ಡ್ ಔಷಧಿ ಶುರು ಮಾಡುತ್ತಾರೆ. ದಿನವೂ ಕೊಟ್ಟು 6 ವಾರವಾದರೂ ಪ್ರೊಟೀನ್ ನಿಲ್ಲದಿದ್ದರೆ ಆಗ ಕಿಡ್ನಿ ಬಯಾಪ್ಸಿಯ ಮಾತು ಬರುತ್ತದೆ. ಕಣ್ಣಿನ ರೆಟಿನೋಬ್ಲಾಸ್ಟೋಮಾ ಗಡ್ಡೆಗೆ ಸೂಜಿ ಹಾಕಿದರೆ ಕ್ಯಾನ್ಸರ್ ಕಣಗಳು ಕಣ್ಣಿನಾಚೆ ಹರಡಬಹುದು. ಹಾಗಾಗಿ ಅಲ್ಲಿ ಬಯಾಪ್ಸಿ ಮಾಡುವುದೇ ಇಲ್ಲ; ಕಣ್ಣಿನ ಪರೀಕ್ಷೆ ಮತ್ತು ಸ್ಕ್ಯಾನಿನಿಂದಲೇ ನಿರ್ಧರಿಸುತ್ತಾರೆ. ಗೋಧಿ ಒಗ್ಗದ ಸೀಲಿಯಾಕ್ ಕಾಯಿಲೆಯಲ್ಲಿ ಮನೆಯವರ ಒಳ್ಳೆಯ ಉದ್ದೇಶವೇ ತೊಡಕಾಗುವುದುಂಟು. ಪರೀಕ್ಷೆಗೆ ಮೊದಲೇ ಚಪಾತಿ, ರವೆ, ಮೈದಾ ಬಿಡಿಸಿ ಬರೀ ರಾಗಿ, ಅಕ್ಕಿ ಕೊಟ್ಟರೆ ಕರುಳು ಚೇತರಿಸಿಕೊಳ್ಳತೊಡಗುತ್ತದೆ, ಪೀಸಿನಲ್ಲಿ ಕಾಯಿಲೆಯ ಗುರುತು ಅಳಿಸಿಹೋಗುತ್ತದೆ.

ಆದರೆ ಬಯಾಪ್ಸಿ ಇಲ್ಲದೆ ಕೊನೆಯ ಮಾತು ಹೇಳಲಾಗದ ಕಾಯಿಲೆಯೆಂದರೆ ಹಿರ್ಷ್‌ಸ್ಪ್ರಂಗ್. ಕೋಪನ್‌ಹೇಗನ್‌ನ ಮಕ್ಕಳ ವೈದ್ಯ ಹೆರಾಲ್ಡ್ ಹಿರ್ಷ್‌ಸ್ಪ್ರಂಗ್ 1886ರಲ್ಲಿ ಇದನ್ನು ವಿವರಿಸಿದರು. ಸುಮಾರು 5,000 ಶಿಶುಗಳಲ್ಲಿ ಒಂದಕ್ಕೆ ಬರುತ್ತದೆ, ಗಂಡುಮಕ್ಕಳಲ್ಲಿ ಹೆಚ್ಚು. ಕರುಳಿನ ಗೋಡೆಯೊಳಗೆ ಗ್ಯಾಂಗ್ಲಿಯಾನ್ ಎಂಬ ನರಕೋಶಗಳ ಗುಂಪುಗಳಿರುತ್ತವೆ. ಕರುಳು ಹಿಗ್ಗಿ ಕುಗ್ಗಿ ಮಲವನ್ನು ಮುಂದೆ ತಳ್ಳುವುದು ಇವುಗಳ ಹಿಡಿತದಲ್ಲಿ. ಗರ್ಭದಲ್ಲಿ 5ರಿಂದ 12ನೇ ವಾರದೊಳಗೆ ಈ ಕೋಶಗಳು ಕರುಳಿನ ಮೇಲ್ತುದಿಯಿಂದ ಕೆಳಕ್ಕೆ ಸಾಗಿ ಬರಬೇಕು. ಅವು ನಡುದಾರಿಯಲ್ಲೇ ನಿಂತರೆ ಅಲ್ಲಿಂದ ಗುದದ್ವಾರದವರೆಗಿನ ಭಾಗ ಬಿಗಿದುಕೊಂಡೇ ಇರುತ್ತದೆ. ತಿಂಗಳು ತುಂಬಿ ಹುಟ್ಟಿದ ಕೂಸು 48 ಗಂಟೆಯಾದರೂ ಮೊದಲ ಕಪ್ಪು ಮಲ ಮಾಡಿಲ್ಲ, ಹೊಟ್ಟೆ ಉಬ್ಬುತ್ತಿದೆ, ಹಸಿರು ವಾಂತಿ ಆಗುತ್ತಿದೆ ಎಂದರೆ ಅನುಮಾನ ಇತ್ತ ತಿರುಗಬೇಕು.

ಈ ಬಯಾಪ್ಸಿಯ ಕಷ್ಟ ಇರುವುದು ಇಲ್ಲೇ. ಬೇರೆ ಕಡೆ ಪೀಸನ್ನು ಮೈಕ್ರೋಸ್ಕೋಪಿನಲ್ಲಿ ನೋಡುವ ವೈದ್ಯರಾದ ಪೆಥಾಲಜಿಸ್ಟ್ 'ಇದು ಇದೆ' ಎಂದು ತೋರಿಸಿದರೆ ಸಾಕು. ಇಲ್ಲಿ 'ಒಂದೂ ಗ್ಯಾಂಗ್ಲಿಯಾನ್ ಕೋಶ ಇಲ್ಲ' ಎಂದು ಖಾತ್ರಿಪಡಿಸಬೇಕು. ಕಾಣಲಿಲ್ಲ ಎನ್ನುವುದೂ ಇಲ್ಲ ಎನ್ನುವುದೂ ಒಂದೇ ಅಲ್ಲ. ಪೀಸ್ ಸರಿಯಾದ ಜಾಗದಿಂದ, ಸರಿಯಾದ ಆಳದಿಂದ ಬಂದಿದ್ದರೆ ಮಾತ್ರ 'ಇಲ್ಲ' ಎಂಬ ಮಾತಿಗೆ ಬೆಲೆ.

ಎಳೆ ಮಕ್ಕಳಲ್ಲಿ ಸಕ್ಷನ್ ಬಯಾಪ್ಸಿ ಮಾಡುತ್ತಾರೆ. ಬದಿಯಲ್ಲಿ ಸಣ್ಣ ತೂತಿರುವ ಕೊಳವೆಯನ್ನು ಗುದದ್ವಾರದಿಂದ ಒಳಗಿಟ್ಟು ಗಾಳಿ ಎಳೆದರೆ ಕರುಳಿನ ಒಳಪದರವಾದ ಲೋಳೆಪೊರೆ ತೂತಿನೊಳಕ್ಕೆ ಬರುತ್ತದೆ, ಒಳಗಿನ ಅಲಗು ಅದನ್ನು ಕತ್ತರಿಸುತ್ತದೆ. ಚೂರಿನ ಅಗಲ ಸುಮಾರು 3 ಮಿ.ಮೀ. ಆ ಜಾಗದಲ್ಲಿ ಚರ್ಮದಂತೆ ನೋವು ತಿಳಿಸುವ ನರಗಳಿಲ್ಲ, ಆದ್ದರಿಂದ ಅರಿವಳಿಕೆ ಬೇಕಾಗುವುದಿಲ್ಲ. ಆದರೆ ರಕ್ತ ಹೆಪ್ಪುಗಟ್ಟುವ ಪರೀಕ್ಷೆ, ಪ್ಲೇಟ್‌ಲೆಟ್ ಎಣಿಕೆ ಮೊದಲೇ ಆಗಿರಬೇಕು. ಹುಟ್ಟಿದಾಗ ವಿಟಮಿನ್ ಕೆ ಚುಚ್ಚುಮದ್ದು ಕೊಟ್ಟಿದ್ದಾರೆಯೇ ಎಂದೂ ಕೇಳಬೇಕು. ತೂತು ಬೆನ್ನಿನ ಕಡೆಗೆ ಮುಖ ಮಾಡಿರಬೇಕು, ಏಕೆಂದರೆ ಮುಂದಿನ ಗೋಡೆ ತೂತಾದರೆ ಹೊಟ್ಟೆಯೊಳಗೇ ತೆರೆದುಕೊಳ್ಳುವ ಅಪಾಯವಿದೆ. ದೊಡ್ಡ ಮಕ್ಕಳ ಲೋಳೆಪೊರೆ ದಪ್ಪವಾದ್ದರಿಂದ ಸಕ್ಷನ್‌ಗೆ ಆಳ ಸಿಗದೆ ಹೋಗಬಹುದು. ಅವರಿಗೆ ಅರಿವಳಿಕೆ ಕೊಟ್ಟು ಗೋಡೆಯ ಪೂರ್ತಿ ದಪ್ಪದ ಪೀಸ್ ತೆಗೆಯುತ್ತಾರೆ.

ಎಲ್ಲಿಂದ ತೆಗೆಯಬೇಕು? ಗುದದ್ವಾರದೊಳಗೆ ಚರ್ಮ ಮುಗಿದು ಲೋಳೆಪೊರೆ ಶುರುವಾಗುವ ಗೆರೆಯಿಂದ 2-3 ಸೆಂ.ಮೀ. ಮೇಲೆ. ಅದಕ್ಕಿಂತ ಕೆಳಗೆ ಆರೋಗ್ಯವಂತ ಮಗುವಿನಲ್ಲೂ ಗ್ಯಾಂಗ್ಲಿಯಾನ್ ವಿರಳ. ಅಲ್ಲಿಂದ ತೆಗೆದರೆ ಇಲ್ಲದ ಕಾಯಿಲೆಯನ್ನು ಇದೆ ಎಂದಂತಾಗುತ್ತದೆ. ತೀರಾ ಮೇಲಿನಿಂದ ತೆಗೆದರೆ ಕೆಳಗಿರುವ ಚಿಕ್ಕ ರೋಗದ ಭಾಗ ತಪ್ಪಿಹೋಗುತ್ತದೆ. ಚೂರಿನಲ್ಲಿ ಬರೀ ಲೋಳೆಪೊರೆ ಇದ್ದರೆ ಪ್ರಯೋಜನವಿಲ್ಲ, ಅದರ ಕೆಳಗಿನ ಪದರವೂ ಬಂದಿರಬೇಕು. ರಿಪೋರ್ಟಿನಲ್ಲಿ 'ಮಾದರಿ ಸಾಲದು' ಎಂದು ಬರುವುದು ಬಹುಪಾಲು ಇದೇ ಕಾರಣಕ್ಕೆ. ಅದು ಯಾರದೋ ಬೇಜವಾಬ್ದಾರಿ ಎಂದು ಹೆತ್ತವರು ಸಿಟ್ಟಾಗುವುದು ಸಹಜ. ಆದರೆ ಅರೆಬರೆ ಚೂರು ನೋಡಿ ತೀರ್ಪು ಕೊಡುವುದಕ್ಕಿಂತ ಮತ್ತೊಮ್ಮೆ ತೆಗೆಯಿರಿ ಎನ್ನುವ ಪೆಥಾಲಜಿಸ್ಟರೇ ಮಗುವಿನ ಹಿತ ಕಾಯುವವರು.

ಚೂರನ್ನು ಯಾವುದರಲ್ಲಿ ಹಾಕಿ ಕಳಿಸಬೇಕೆಂಬುದನ್ನು ಲ್ಯಾಬಿನೊಂದಿಗೆ ಮೊದಲೇ ಮಾತಾಡಿಕೊಳ್ಳಬೇಕು. ಮಾಮೂಲಿ ಬಣ್ಣ ಹಾಕಿ ನೋಡಲು ಮತ್ತು ನರಗಳಲ್ಲಿರುವ ಒಂದು ಪ್ರೊಟೀನನ್ನು ಗುರುತಿಸುವ ಕ್ಯಾಲ್‌ರೆಟಿನಿನ್ ಪರೀಕ್ಷೆಗಾದರೆ ಚೂರು ಕೆಡದಂತಿಡುವ ಫಾರ್ಮಲಿನ್ ದ್ರವ. ನರಗಳಲ್ಲಿರುವ ಕಿಣ್ವ ಅಸಿಟೈಲ್‌ಕೋಲಿನೆಸ್ಟರೇಸ್ ಪರೀಕ್ಷೆಗಾದರೆ ಸಲೈನಿನಲ್ಲಿ ಒದ್ದೆ ಮಾಡಿದ ಗಾಜ್ ಬಟ್ಟೆಯಲ್ಲಿಟ್ಟು, ಐಸ್ ಪೆಟ್ಟಿಗೆಯಲ್ಲಿ ತಕ್ಷಣ ತಲುಪಿಸಬೇಕು. ಫಾರ್ಮಲಿನ್‌ಗೆ ಬಿದ್ದರೆ ಆ ಪರೀಕ್ಷೆ ಕೆಟ್ಟಂತೆ. ಗಾಜ್ ಒಣಗಿದರೂ ಚೂರು ಹಾಳು.

ಲ್ಯಾಬಿನಲ್ಲಿ ಆ ಪುಟ್ಟ ಚೂರನ್ನು ಕಾಗದಕ್ಕಿಂತ ತೆಳುವಾಗಿ ಹತ್ತಾರು ಪದರಗಳಾಗಿ ಕತ್ತರಿಸಿ ಒಂದೊಂದನ್ನೂ ನೋಡುತ್ತಾರೆ. ನವಜಾತ ಶಿಶುವಿನ ಗ್ಯಾಂಗ್ಲಿಯಾನ್ ಕೋಶಗಳು ಇನ್ನೂ ಬಲಿತಿರುವುದಿಲ್ಲ, ಚಿಕ್ಕದಾಗಿದ್ದು ಬೇರೆ ಕೋಶಗಳೆಂದು ಕಣ್ಣು ತಪ್ಪಿಸುತ್ತವೆ. ಅದಕ್ಕೇ ಕ್ಯಾಲ್‌ರೆಟಿನಿನ್ ನೆರವು: ಕರುಳು ಸರಿಯಿದ್ದರೆ ಲೋಳೆಪೊರೆಯಲ್ಲಿ ಕಂದು ಬಣ್ಣದ ಸಣ್ಣ ನರದೆಳೆಗಳು ಕಾಣುತ್ತವೆ, ಹಿರ್ಷ್‌ಸ್ಪ್ರಂಗ್ ಇದ್ದರೆ ಕಾಣುವುದಿಲ್ಲ. ಜೊತೆಗೆ 40 ಮೈಕ್ರಾನ್‌ಗಿಂತ ದಪ್ಪಗಿನ ನರದ ಕಟ್ಟುಗಳು ಸಿಕ್ಕರೆ ಅನುಮಾನ ಗಟ್ಟಿಯಾಗುತ್ತದೆ.

ಮನೆಗೆ ಬಂದ ಮೇಲೆ ಡೈಪರಿನಲ್ಲಿ ಒಂದೆರಡು ರಕ್ತದ ಗೆರೆ ಕಂಡರೆ ಹೆದರಬೇಕಿಲ್ಲ. ರಕ್ತ ನಿಲ್ಲದಿದ್ದರೆ, ಜ್ವರ ಬಂದರೆ, ಹೊಟ್ಟೆ ಬಿಗಿದು ಉಬ್ಬಿದರೆ, ಗಬ್ಬುವಾಸನೆಯ ಭೇದಿ ಚಿಮ್ಮಿದರೆ ರಾತ್ರಿಯಾದರೂ ಸರಿ, ಆಸ್ಪತ್ರೆಗೆ ಹೊರಡಿ.

ಕಾಯಿಲೆ ಖಚಿತವಾದರೆ ಮದ್ದಿಲ್ಲ, ಆಪರೇಷನ್ನೇ. ಅಲ್ಲಿಯೂ ಬಯಾಪ್ಸಿಯ ಕೆಲಸ ಮುಗಿದಿರುವುದಿಲ್ಲ. ಕರುಳು ಎಲ್ಲಿಂದ ಸರಿಯಿದೆ ಎಂದು ಬರಿಗಣ್ಣಿಗೆ ಖಚಿತವಾಗಿ ಗೊತ್ತಾಗದು. ಸರ್ಜನ್ ಕೆಳಗಿನಿಂದ ಮೇಲಕ್ಕೆ ಒಂದೊಂದೇ ಚೂರು ತೆಗೆದು ಕಳಿಸುತ್ತಾರೆ, ಪೆಥಾಲಜಿಸ್ಟ್ ಅದನ್ನು ಅತಿ ತಣ್ಣಗೆ ಮಾಡಿ ಗಟ್ಟಿಯಾಗಿಸಿ, ಕತ್ತರಿಸಿ, ಆಗಿಂದಾಗಲೇ ನೋಡುತ್ತಾರೆ. 'ಗ್ಯಾಂಗ್ಲಿಯಾನ್ ಇದೆ' ಎಂಬ ಉತ್ತರ ಬರುವವರೆಗೂ ಮಗು ಮೇಜಿನ ಮೇಲೇ ಇರುತ್ತದೆ. ಆ ಉತ್ತರ ಬಂದ ಜಾಗದಿಂದ ಇನ್ನೂ ಕೆಲವು ಸೆಂ.ಮೀ. ಮೇಲೆ ಕರುಳನ್ನು ಕತ್ತರಿಸಿ, ಕೆಳಗೆಳೆದು ಹೊಲಿಯುತ್ತಾರೆ.