ಮೈಕೆಲ್ ರಿಪ್ಪರ್: ಪಬ್ ಮಾಲೀಕನ ಮುಖದಲ್ಲಿ ಕಂಡ ಭಯ

ಬ್ರಿಟನ್ನಿನ ಹ್ಯಾಮರ್ ಎಂಬ ಸಿನಿಮಾ ಕಂಪನಿಯ ಹಾರರ್ ಸಿನಿಮಾ ಅಂದರೆ ಎಲ್ಲರೂ ಕ್ರಿಸ್ಟೋಫರ್ ಲೀ, ಪೀಟರ್ ಕುಶಿಂಗ್ ಹೆಸರು ಹೇಳುತ್ತಾರೆ. ಪೋಷಕ ನಟನೆ ಕಲಿಯುವವರು ನೋಡಬೇಕಾದವರು ಇನ್ನೊಬ್ಬರಿದ್ದಾರೆ, ಮೈಕೆಲ್ ರಿಪ್ಪರ್. ಆ ಕಂಪನಿಯ ಸಿನಿಮಾಗಳಲ್ಲಿ ಅವರಷ್ಟು ಸಲ ಕಾಣಿಸಿಕೊಂಡ ನಟರು ಕಡಿಮೆ. ಪೊಲೀಸ್, ಗಾಡಿ ಓಡಿಸುವವ, ಕುಡುಕ, ಪಬ್ ಮಾಲೀಕ, ಹೀಗೆ ಬಹುಪಾಲು ಚಿಕ್ಕ ಪಾತ್ರಗಳೇ.

ಅವರು ಹುಟ್ಟಿದ್ದು 1913ರಲ್ಲಿ, ಇಂಗ್ಲೆಂಡಿನ ಪೋರ್ಟ್ಸ್‌ಮತ್‌ನಲ್ಲಿ. ಮೊದಲು ನಾಟಕದ ನಟ. 1952ರಲ್ಲಿ ಥೈರಾಯ್ಡ್ ಆಪರೇಷನ್ ಆಯಿತು. ಆಮೇಲೆ ಸಭಾಂಗಣದ ಕೊನೆಯ ಸಾಲಿಗೆ ಕೇಳುವಂತೆ ದನಿ ಎತ್ತಲು ಆಗಲಿಲ್ಲ. ನಾಟಕದವರಿಗೆ ಇದು ಎಂಥ ಪೆಟ್ಟು ಅಂತ ಹೇಳಬೇಕಾಗಿಲ್ಲ, ಅಲ್ವಾ? ಆದರೆ ಸಿನಿಮಾದ ಮೈಕ್ ಹತ್ತಿರದಲ್ಲೇ ಇರುತ್ತದೆ. ಸ್ವಲ್ಪ ಒಡೆದ ಆ ತಗ್ಗಿದ ದನಿ ಅಲ್ಲಿ ಸಾಕಾಯಿತು. ಏನೋ ಗೊತ್ತಿದ್ದೂ ಬಾಯಿ ಬಿಡಲು ಹೆದರುವ ಹಳ್ಳಿಯವನಿಗೆ ಅದು ಹೇಳಿ ಮಾಡಿಸಿದ ಹಾಗಿತ್ತು ಅಂತ ನನಗೆ ಅನ್ನಿಸುತ್ತದೆ.

ಈಗ 1966ರ 'ದಿ ರೆಪ್ಟೈಲ್' ನೋಡಿ. ಸತ್ತ ಅಣ್ಣನ ಮನೆಗೆ ವಾಸಕ್ಕೆಂದು ಹ್ಯಾರಿ ಎಂಬವನು ಕಾರ್ನ್‌ವಾಲ್‌ನ ಹಳ್ಳಿಗೆ ಬರುತ್ತಾನೆ. ಅವನು ಯಾರೆಂದು ತಿಳಿದದ್ದೇ ತಡ, ಪಬ್‌ನಲ್ಲಿ ಕೂತಿದ್ದವರೆಲ್ಲ ಎದ್ದು ಹೊರಡುತ್ತಾರೆ. ಮಾಲೀಕ ಟಾಮ್ ಬೇಲಿ ಒಬ್ಬನೇ ಉಳಿಯುತ್ತಾನೆ. ಅದೇ ರಿಪ್ಪರ್ ಪಾತ್ರ. ಮುಂದೆ ರಾತ್ರಿ ಹೊತ್ತು ಇಬ್ಬರೂ ಗುದ್ದಲಿ ಹಿಡಿದು ಸಮಾಧಿ ಅಗೆಯುತ್ತಾರೆ. ಶವದ ಕತ್ತಿನಲ್ಲಿ ಕಚ್ಚಿದ ಗುರುತು ಸಿಗುತ್ತದೆ. ಕಚ್ಚುವುದು ಹಾವಿನ ರೂಪ ತಾಳುವ ಒಬ್ಬ ಹೆಣ್ಣು. ಆದರೆ ಅವಳ ಮೇಕಪ್ಪಿಗಿಂತ ಟಾಮ್‌ನ ಮುಖ ನನ್ನನ್ನು ಜಾಸ್ತಿ ಹೆದರಿಸಿತು. ಅವನು ಕಿರುಚಾಡುವವನಲ್ಲ, ಸಾಮಾನ್ಯ ಮನುಷ್ಯ. ಅಂಥವನೇ ನಂಬಿದ ಮೇಲೆ ನಾವೂ ನಂಬುತ್ತೇವೆ.

ದೊಡ್ಡ ಪಾತ್ರ ಬೇಕೆಂದರೆ 1962ರ 'ಕ್ಯಾಪ್ಟನ್ ಕ್ಲೆಗ್' ಇದೆ. ಅದರಲ್ಲಿ ಅವರು ಶವಪೆಟ್ಟಿಗೆ ಮಾಡುವ ಮಿಪ್ಸ್. ಮೇಲೆ ಮರಗೆಲಸ, ಒಳಗೆ ಕಳ್ಳಸಾಗಣೆ. 1967ರ 'ದಿ ಮಮ್ಮೀಸ್ ಶ್ರೌಡ್'ನಲ್ಲಿ ಸಿರಿವಂತನ ಸೇವಕ ಲಾಂಗ್‌ಬ್ಯಾರೋ. ಯಜಮಾನನ ಬೈಗುಳ ನುಂಗಿಕೊಂಡು, ಊರಿಗೆ ಹೋದರೆ ಸಾಕು ಅಂತ ಕಾಯುವವನು. ಕನ್ನಡಕವಿಲ್ಲದೆ ಅವನಿಗೆ ಸರಿಯಾಗಿ ಕಣ್ಣು ಕಾಣದು. ಜೀವ ತಳೆದ ಮಮ್ಮಿ (ಕೆಡದಂತೆ ಬಟ್ಟೆ ಸುತ್ತಿಟ್ಟ ಪುರಾತನ ಈಜಿಪ್ಟಿನ ಶವ) ಅವನನ್ನು ಕಿಟಕಿಯಿಂದ ಆಚೆ ಎಸೆದಾಗ ಸಂಕಟವಾಗುತ್ತದೆ. ಸಾಯಲೆಂದೇ ಬರೆದ ಪಾತ್ರಕ್ಕೆ ಮನೆಯ ಹಂಬಲ ತುಂಬಿದ್ದು ನಟ.

ಅಭ್ಯಾಸಕ್ಕೆ ಒಂದು ದಾರಿ: 'ದಿ ರೆಪ್ಟೈಲ್' ಜೊತೆಗೆ ಅದೇ ವರ್ಷದ 'ದಿ ಪ್ಲೇಗ್ ಆಫ್ ದಿ ಜೋಂಬೀಸ್' ನೋಡಿ. ಎರಡನ್ನೂ ಜಾನ್ ಗಿಲ್ಲಿಂಗ್ ಬ್ರೇ ಸ್ಟುಡಿಯೋದಲ್ಲಿ ಒಂದರ ಬೆನ್ನಿಗೊಂದು ತೆಗೆದರು. ಹಳ್ಳಿಯ ಸೆಟ್ಟೂ ಅದೇ. ಒಂದರಲ್ಲಿ ರಿಪ್ಪರ್ ಪಬ್ ಮಾಲೀಕ, ಇನ್ನೊಂದರಲ್ಲಿ ಸಾರ್ಜೆಂಟ್ ಸ್ವಿಫ್ಟ್. ಮೊದಲ ಸಲ ಸೌಂಡ್ ಆಫ್ ಮಾಡಿ, ಅವರು ನಿಲ್ಲುವ ರೀತಿ, ನಡಿಗೆ ಮಾತ್ರ ಗಮನಿಸಿ.