ಛೇದದಲ್ಲಿ ಕುಳಿತ ವರ್ಗಮೂಲ

1ನ್ನು √2ರಿಂದ ಭಾಗಿಸಿ ನೋಡಿ. ಕ್ಯಾಲ್ಕುಲೇಟರ್ ಮುಟ್ಟಬೇಡಿ, ಕಾಗದ ಪೆನ್ಸಿಲ್ ಸಾಕು. √2 ಎಂದರೆ ಸುಮಾರು 1.41421356. 10ರಲ್ಲಿ ಅದು ಏಳು ಸಲ ಹೋಗುತ್ತದೆ, 9.89949492 ಕಳೆದರೆ 0.10050508 ಉಳಿಯುತ್ತದೆ. ಮುಂದಿನ ಅಂಕಿ ಸೊನ್ನೆ, ಅದರ ಮುಂದಿನದು ಮತ್ತೆ ಏಳು. ನಾಲ್ಕನೆಯ ಅಂಕಿಗೆ ಬರುವಷ್ಟರಲ್ಲಿ ಎಲ್ಲೋ ಒಂದು ದಶಕ ಕೈತಪ್ಪಿರುತ್ತದೆ.

ಈಗ ಅಂಶ, ಛೇದ ಎರಡನ್ನೂ √2ರಿಂದ ಗುಣಿಸಿ. ಬೆಲೆ ಬದಲಾಗುವುದಿಲ್ಲ, ರೂಪ ಮಾತ್ರ √2/2 ಆಗುತ್ತದೆ. 1.41421356ರ ಅರ್ಧ 0.70710678. ಬಾಯಿಲೆಕ್ಕದಲ್ಲೇ ಮುಗಿಯಿತು.

ಪಠ್ಯಪುಸ್ತಕಗಳು ಇದನ್ನು ‘ಛೇದವನ್ನು ಅಕರಣೀಕರಿಸುವುದು’ ಎನ್ನುತ್ತವೆ. ಕರಣಿ ಎಂದರೆ √2, √3ರಂತೆ ಎಷ್ಟು ಬಿಡಿಸಿದರೂ ಮುಗಿಯದ ಮೂಲ. ಹೆಸರಿನ ಭಾರಕ್ಕೆ ಹೆದರಿದವರು ಅಗತ್ಯವಿಲ್ಲದ ಕಡೆಯೂ ಅದನ್ನೇ ಮಾಡುತ್ತಾರೆ. √6/5ನ್ನು √2/3ರಿಂದ ಭಾಗಿಸಬೇಕೆನ್ನಿ. ಎರಡನೆಯದನ್ನು ತಲೆಕೆಳಗು ಮಾಡಿ ಗುಣಿಸಿದರೆ 3√6/5√2. ಇಲ್ಲಿ √6ರೊಳಗೆ √2 ಆಗಲೇ ಅಡಗಿದೆ, ಹೊಡೆದುಹಾಕಿದರೆ 3√3/5. ಇದನ್ನು ಗಮನಿಸದೆ ಮೇಲೆ ಕೆಳಗೆ √2ರಿಂದ ಗುಣಿಸಿದವರು √12ರವರೆಗೆ ಹೋಗಿ, ಸುತ್ತು ಬಳಸಿ ಇದೇ ಉತ್ತರಕ್ಕೆ ಬರುತ್ತಾರೆ.

ಛೇದದಲ್ಲಿ ಎರಡು ಮೂಲಗಳಿದ್ದಾಗಲೇ ನಿಜವಾದ ಸ್ವಾರಸ್ಯ. 1/(√3−√2) ಎಂಬುದನ್ನು √3ರಿಂದ ಗುಣಿಸಿದರೂ √2ರಿಂದ ಗುಣಿಸಿದರೂ ಒಂದು ಕರಣಿ ಉಳಿದೇ ಉಳಿಯುತ್ತದೆ. ನಡುವಿನ ಚಿಹ್ನೆಯನ್ನಷ್ಟೇ ತಿರುಗಿಸಿ √3+√2ರಿಂದ ಗುಣಿಸಿದರೆ, ಮೊತ್ತ ಮತ್ತು ವ್ಯತ್ಯಾಸಗಳ ಗುಣಲಬ್ಧ ವರ್ಗಗಳ ವ್ಯತ್ಯಾಸವೇ ಆದ್ದರಿಂದ, ಛೇದ 3−2, ಅಂದರೆ 1. ಉತ್ತರ √3+√2. ಭಾಗಾಕಾರ ಹೋಗಿ ಸಂಕಲನ ಬಂತು!

ಈ ಉಪಾಯ ಹೊಸದಲ್ಲ. 12ನೆಯ ಶತಮಾನದ ಎರಡನೆಯ ಭಾಸ್ಕರ ತನ್ನ ‘ಬೀಜಗಣಿತ’ ಗ್ರಂಥದಲ್ಲಿ ಇದನ್ನು ನಿಯಮವಾಗಿಯೇ ಕೊಟ್ಟಿದ್ದಾನೆ: ಭಾಜಕದ ಒಂದು ಕರಣಿಯ ಚಿಹ್ನೆ ಬದಲಿಸಿ, ಅದರಿಂದ ಭಾಜ್ಯ ಭಾಜಕಗಳೆರಡನ್ನೂ ಗುಣಿಸು, ಭಾಜಕದಲ್ಲಿ ಒಂದೇ ಕರಣಿ ಉಳಿಯುವವರೆಗೆ ಹೀಗೇ ಮಾಡು. ಈ ‘ಹೀಗೇ ಮಾಡು’ ಎಂಬುದರಲ್ಲೇ ಜಾಣತನವಿದೆ. 1/(1+√2+√3)ರಲ್ಲಿ √3ರ ಚಿಹ್ನೆ ತಿರುಗಿಸಿದರೆ ಛೇದ (1+√2)²−3, ಅಂದರೆ 2√2. ಇನ್ನೊಂದು ಸಲ √2ರಿಂದ ಗುಣಿಸಿದರೆ ಉತ್ತರ (2+√2−√6)/4.

ಕ್ಯಾಲ್ಕುಲೇಟರ್ ಇರುವಾಗ ಇದೆಲ್ಲ ಏಕೆ ಎಂದು ಕೇಳುವವರಿದ್ದಾರೆ. 1/√2ರ ಮಟ್ಟಿಗೆ ಅವರ ಮಾತು ಸರಿ. ಅದನ್ನು ಹಾಗೆಯೇ ಬಿಟ್ಟದ್ದಕ್ಕೆ ಅಂಕ ಕಳೆಯುವುದು ನನ್ನ ಪ್ರಕಾರ ಬರೀ ಹಟ. ಆದರೆ 1/(√101−√100)ನ್ನು ತೆಗೆದುಕೊಳ್ಳಿ. ಮೂರೇ ಅಂಕಿ ಹಿಡಿಯುವ ಯಂತ್ರಕ್ಕೆ √101 ಎಂದರೆ 10.0. ಹತ್ತರಲ್ಲಿ ಹತ್ತು ಕಳೆದರೆ ಸೊನ್ನೆ. ಸೊನ್ನೆಯಿಂದ ಭಾಗಿಸಲು ಹೋಗಿ ಯಂತ್ರ ಕೈಚೆಲ್ಲುತ್ತದೆ. ಚಿಹ್ನೆ ತಿರುಗಿಸಿದ ರೂಪದಲ್ಲಿ ಅದೇ ಯಂತ್ರ 10.0+10.0=20.0 ಎನ್ನುತ್ತದೆ. ನಿಜವಾದ ಬೆಲೆ ಸುಮಾರು 20.05. ಹೆಚ್ಚು ಅಂಕಿ ಹಿಡಿಯುವ ಕಂಪ್ಯೂಟರಿಗೂ ಇದೇ ಗಂಡಾಂತರವಿದೆ, ಅಲ್ಲಿ ಸಂಖ್ಯೆಗಳು ಇನ್ನೂ ದೊಡ್ಡದಾಗಿರಬೇಕು ಅಷ್ಟೆ. ಹೆಚ್ಚುಕಡಿಮೆ ಸಮವಾದ ಎರಡು ಸಂಖ್ಯೆಗಳನ್ನು ಕಳೆದಾಗ ಮೊದಲ ಅಂಕಿಗಳೆಲ್ಲ ಅಳಿಸಿಹೋಗಿ, ಕೊನೆಯ ಅಂಕಿಗಳಲ್ಲಿದ್ದ ತಪ್ಪೇ ಉತ್ತರವಾಗಿ ಕುಳಿತುಬಿಡುತ್ತದೆ.

ಹಾಗಾಗಿ √101−10ರ ಬೆಲೆಯೇ ಬೇಕಾದಾಗ ಬಲ್ಲವರು ಶಾಲೆಯ ನಿಯಮವನ್ನು ಹಿಂದುಮುಂದಾಗಿಸುತ್ತಾರೆ. ಅಂಶದಲ್ಲಿ ನೆಮ್ಮದಿಯಾಗಿದ್ದ ಮೂಲವನ್ನು ಬೇಕೆಂದೇ ಛೇದಕ್ಕೆ ಇಳಿಸಿ 1/(√101+10) ಎಂದು ಬರೆಯುತ್ತಾರೆ. ಮೂರು ಅಂಕಿಯ ಆ ಬಡ ಯಂತ್ರವೂ ಆಗ ಸೊನ್ನೆ ಎನ್ನದೆ 0.05 ಎನ್ನುತ್ತದೆ. ಸರಿಯಾದ ಉತ್ತರ ಸುಮಾರು 0.0499.