ಪದ ಪರಿಚಯ: ಫೆಸ್ಟಿಲ್ಲಾ

ಮಳೆಗಾಲದಲ್ಲಿ ಕೊಡಗಿನ ಯಾವ ಮನೆಯ ಹಿಂದೆ ಸೌದೆ ಎತ್ತಿದರೂ ಚಿಪ್ಪಿಲ್ಲದ ಬಸವನಹುಳು ಕಾಣುತ್ತದೆ. ಅದಕ್ಕೆ ಕಡಲಲ್ಲೂ ನೆಂಟರಿದ್ದಾರೆ. ಅಂಥ ಒಂದು ಕುಲದ ಹೆಸರು ಫೆಸ್ಟಿಲ್ಲಾ. ಅದರ ಊಟ ಹವಳ.

ಹವಳ ಅಂದ ಕೂಡಲೇ ಅಜ್ಜಿಯ ಕೊರಳಿನ ಕೆಂಪು ಸರ ನೆನಪಾಗುತ್ತೆ, ಅಲ್ವಾ? ಅದು ಬೇರೆ ಬಗೆಯದು. ಇಲ್ಲಿ ಹೇಳುತ್ತಿರುವುದು ದಿಬ್ಬ ಕಟ್ಟುವ ಹವಳ. ನೋಡಲು ಬಂಡೆ, ಆದರೆ ಮೇಲೆ ತೆಳುವಾದ ಜೀವಂತ ಪದರ ಇರುತ್ತದೆ. ಫೆಸ್ಟಿಲ್ಲಾ ಆ ಪದರವನ್ನು ಕೆರೆದು ತಿನ್ನುತ್ತದೆ. ತಿಂದ ಜಾಗದಲ್ಲಿ ಬಿಳಿ ಸುಣ್ಣವಷ್ಟೇ ಉಳಿಯುತ್ತದೆ.

ಇದು ನ್ಯೂಡಿಬ್ರಾಂಕ್ ಗುಂಪಿನ ಜೀವಿ. ಆ ಪದದ ಅರ್ಥ ಬೆತ್ತಲೆ ಕಿವಿರು. ಫೆಸ್ಟಿಲ್ಲಾದ ಬೆನ್ನ ತುಂಬ ಬೆರಳಿನಂಥ ಎಳೆಗಳಿರುತ್ತವೆ. ಇಂಥ ಎಳೆಗಳಿರುವ ಇದರ ಎಷ್ಟೋ ಬಂಧುಗಳು ತಿಂದ ಪ್ರಾಣಿಯ ಕುಟುಕು ಕಣಗಳನ್ನು ಎಳೆಗಳ ತುದಿಯಲ್ಲಿ ಕೂಡಿಟ್ಟು ತಮ್ಮ ರಕ್ಷಣೆಗೆ ಬಳಸುತ್ತವೆ. ಫೆಸ್ಟಿಲ್ಲಾ ಹಾಗೆ ಕೂಡಿಡುವುದಿಲ್ಲ. ಬದಲಿಗೆ ಅಡಗುತ್ತದೆ. ಹಗಲು ಹವಳದ ಅಡಿಯಲ್ಲಿ, ಊಟಕ್ಕೆ ರಾತ್ರಿ. ಮೈಬಣ್ಣವೂ ಹವಳದ್ದೇ. ಕಿತ್ತಳೆ ಬಣ್ಣದ ಹವಳ ತಿನ್ನುವ ಮೆಲನೋಬ್ರಾಕಿಯಾ ಎಂಬ ಜಾತಿಯದು ಕಿತ್ತಳೆ ಮೈಯೇ.

ಎಲ್ಲ ಹವಳವೂ ಎಲ್ಲಕ್ಕೂ ಆಗುವುದಿಲ್ಲ. ತೋಟದವರಿಗೆ ಇದು ಹೊಸ ಮಾತಲ್ಲ. ಬಿಳಿ ಕಾಂಡಕೊರಕ ಅರೇಬಿಕಾ ಗಿಡಕ್ಕೆ ಬೀಳುತ್ತದೆ, ಪಕ್ಕದ ರೋಬಸ್ಟಾವನ್ನು ಸುಮ್ನೆ ಬಿಡುತ್ತದೆ. ಹಾಗೆಯೇ ಫೆಸ್ಟಿಲ್ಲಾ ಲುಗುಬ್ರಿಸ್ ಎಂಬ ಜಾತಿಗೆ ಪೊರೈಟಿಸ್ ಹವಳವೇ ಬೇಕು. ಲಕ್ಷದ್ವೀಪದ ದಿಬ್ಬಗಳಲ್ಲೂ ಇರುವ ಹವಳ ಅದು.

ಅಷ್ಟು ದೊಡ್ಡ ಕಡಲಲ್ಲಿ ಕಣ್ಣಿಗೂ ಕಾಣದಷ್ಟು ಚಿಕ್ಕ ಮರಿ ಆ ಒಂದೇ ಹವಳವನ್ನು ಹುಡುಕುವುದು ಹೇಗೆ? ನನಗೆ ಇದರ ಬದುಕಿನಲ್ಲಿ ಜಾಸ್ತಿ ಇಷ್ಟವಾಗುವ ಭಾಗ ಇದು. ಮರಿಗೆ ಪುಟ್ಟ ಚಿಪ್ಪಿರುತ್ತದೆ. ಅದು ನೀರಿನಲ್ಲಿ ತೇಲುತ್ತ, ಈಜುತ್ತ ಇರುತ್ತದೆ. ಪೊರೈಟಿಸ್ ಹವಳದಿಂದ ಒಂದು ರಾಸಾಯನಿಕ ನೀರಿಗೆ ಬೆರೆಯುತ್ತಿರುತ್ತದೆ. ಅದು ತಾಗಿದ ಕೂಡಲೇ ಮರಿ ಈಜು ನಿಲ್ಲಿಸಿ ಕೆಳಗಿಳಿಯುತ್ತದೆ. ಕಾಫಿ ಹೂವಿನ ಪರಿಮಳ ಹಿಡಿದು ಜೇನು ತೋಟಕ್ಕೆ ಇಳಿಯುತ್ತದಲ್ಲ, ಹಾಗೆ. ಅಲ್ಲಿ ಚಿಪ್ಪು ಕಳಚಿಬಿಡುತ್ತದೆ. ಇನ್ನು ಮುಂದೆ ಅದು ತೆವಳುವ ಹುಳು. ಹವಾಯಿಯ ವಿಜ್ಞಾನಿ ಮೈಕೆಲ್ ಹ್ಯಾಡ್‌ಫೀಲ್ಡ್ ಮತ್ತು ಅವರ ಜೊತೆಗಾರರು ಇದನ್ನು ವರ್ಷಗಟ್ಟಲೆ ಕೂತು ನೋಡಿದ್ದಾರೆ.

ಹಾಗಾದರೆ ಇದು ಹವಳದ ಶತ್ರುವೇ? ದಿಬ್ಬದಲ್ಲಿ ಏಡಿ, ಮೀನುಗಳು ಇದನ್ನು ತಿನ್ನುತ್ತವೆ. ಹಾಗಾಗಿ ಸಂಖ್ಯೆ ಹಿಡಿತದಲ್ಲಿರುತ್ತದೆ. ಹವಳ ಸಾಕುವ ಗಾಜಿನ ತೊಟ್ಟಿಗೆ ಬಂದರೆ ಕಥೆಯೇ ಬೇರೆ. ತಡೆಯುವವರಿಲ್ಲದೆ ಬಂದ ಹುಳು ಹೇಗೆ ಹೆಚ್ಚುತ್ತದೆ ಅನ್ನುವುದನ್ನು ಶನಿವಾರಸಂತೆ ಕಡೆಯ ಬೆಳೆಗಾರರು ಆಫ್ರಿಕನ್ ಬಸವನಹುಳುವಿನಲ್ಲಿ ಕಂಡಿದ್ದಾರೆ. ತೊಟ್ಟಿಗಳಲ್ಲಿ ಮಾಂಟಿಪೋರಾ ಹವಳ ತಿಂದು ಎಷ್ಟೋ ವರ್ಷ ಕಾಡಿದ ಒಂದು ಜಾತಿಗೆ ವಿಜ್ಞಾನದ ಹೆಸರು ಸಿಕ್ಕಿದ್ದು 2020ರಲ್ಲಿ. ಹವಳದ ಅಡಿಯಲ್ಲಿ ಮೊಟ್ಟೆ ಇಡುವ ಜೀವಿ ಇದು. ಹುಳುಗಳನ್ನು ಒಂದೊಂದಾಗಿ ಆರಿಸಿ ತೆಗೆದರೂ ಮೊಟ್ಟೆ ಉಳಿದುಬಿಟ್ಟರೆ ಮತ್ತೆ ಮೊದಲಿನಿಂದ ಶುರು.